ಆ ಜಾಮ್ ಬಾಟಲಿ ಎಲ್ಲಿಟ್ಟಿರಿ?

ನಮಸ್ಕಾರ.

ಬಿಲ್ ಡಗ್ಲಸ್ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ಸ್ಕಾಟ್ಲೆಂಡಿನ ಈ ನಿರ್ದೇಶಕನ ಬಗ್ಗೆ ಕನ್ನಡದಲ್ಲಿ ಬರೆಯಬೇಕು ಅಂತ ನಿಮಗೆ ಅನಿಸಿದ್ದೇ ಸಂತೋಷ. ಇಸವಿಗಳೆಲ್ಲ ಸರಿಯಾಗಿವೆ. ಆದರೂ ಮೊದಲ ಪುಟದಲ್ಲೇ ನನಗೆ ಸಿಟ್ಟು ಬಂತು.

ನಿಮ್ಮ ಮೊದಲ ಸಾಲು: ‘ಬಡತನದ ಬೆಂಕಿಯಲ್ಲಿ ಬೆಂದು ಅರಳಿದ ಕಲಾಕುಸುಮ ಬಿಲ್ ಡಗ್ಲಸ್.’ ಬೆಂಕಿಯಲ್ಲಿ ಬೆಂದ ಹೂವು ಅರಳುತ್ತದಾ? ಅದು ಹೋಗಲಿ. ಡಗ್ಲಸ್ ಹೆಸರು ತೆಗೆದು ಬೇರೆ ಯಾರ ಹೆಸರು ಹಾಕಿದರೂ ಈ ಸಾಲು ನಡೆದುಹೋಗುತ್ತದೆ. ಅವನು 1934ರಲ್ಲಿ ಹುಟ್ಟಿದ್ದು ಎಡಿನ್‌ಬರೋ ಹತ್ತಿರದ ನ್ಯೂಕ್ರೇಗ್‌ಹಾಲ್ ಎಂಬ ಕಲ್ಲಿದ್ದಲು ಗಣಿಯ ಊರಲ್ಲಿ. ಟಿಕೆಟ್ಟಿಗೆ ದುಡ್ಡಿಲ್ಲದೆ ಖಾಲಿ ಜಾಮ್ ಬಾಟಲಿ ಕೊಟ್ಟು ಸಿನಿಮಾಕ್ಕೆ ಹೋಗುತ್ತಿದ್ದ ಹುಡುಗ. ಇದನ್ನು ನೀವು ನಾಲ್ಕನೇ ಪುಟದಲ್ಲಿ, ಅದೂ ಕಂಸದೊಳಗೆ ಇಟ್ಟಿದ್ದೀರಿ! ಆ ಬಾಟಲಿ ಮೊದಲ ಸಾಲಲ್ಲೇ ಇರಬೇಕಿತ್ತು, ಅಲ್ವಾ?

ಮುಂದೆ: ‘ಮೈ ಚೈಲ್ಡ್‌ಹುಡ್ ಮಮತೆಯ ಮಹಾಕಾವ್ಯ, ಹೃದಯವನ್ನು ಕಲಕುತ್ತದೆ.’ ಹೇಗೆ ಕಲಕುತ್ತದೆ? ಡಗ್ಲಸ್ 1972ರಲ್ಲಿ ಮಾಡಿದ ಆ ಕಪ್ಪು ಬಿಳುಪು ಚಿತ್ರ ಮುಕ್ಕಾಲು ಗಂಟೆಯಷ್ಟೇ. ಅದರಲ್ಲಿ ಜೇಮಿ ಎಂಬ ಹುಡುಗ ಕಪ್ಪಿಗೆ ಬಿಸಿನೀರು ಸುರಿಯುತ್ತಾನೆ. ಕಪ್ಪು ಬೆಚ್ಚಗಾದ ಮೇಲೆ ನೀರು ಚೆಲ್ಲುತ್ತಾನೆ. ಖಾಲಿ ಕಪ್ಪನ್ನು ಅಜ್ಜಿಯ ಕೈಗಿಟ್ಟು, ಅವಳ ಬೆರಳುಗಳನ್ನು ಅದರ ಸುತ್ತ ಹಿಡಿಸುತ್ತಾನೆ. ಆ ಮನೆಯಲ್ಲಿ ಅವಳಿಗೆ ಕೊಡಲು ಅವನ ಹತ್ತಿರ ಇದ್ದದ್ದು ಆ ಬಿಸಿ ಒಂದೇ. ನಿಮ್ಮ ಆರು ಪುಟಗಳಲ್ಲಿ ಆ ಕಪ್ಪೇ ಇಲ್ಲ.

ನಾನು ಒಂದು ವಾರಪತ್ರಿಕೆಯಲ್ಲಿ ಕೆಲಸ ಕಲಿಯುತ್ತಿದ್ದಾಗ, ಒಂದು ಚಿತ್ರವಿಮರ್ಶೆಯಲ್ಲಿ ‘ಮನಮಿಡಿಯುವ’ ಅಂತ ಮೂರು ಸಲ ಬರೆದಿದ್ದೆ. ನಮ್ಮ ಹಿರಿಯ ಉಪಸಂಪಾದಕರು ಮೂರನ್ನೂ ಕೆಂಪು ಶಾಯಿಯಲ್ಲಿ ಹೊಡೆದು, ‘ನಿನಗೆ ಏನು ಕಾಣಿಸ್ತು, ಅದನ್ನ ಹೇಳು’ ಅಂದರು. ಹೇಳಲು ಹೋದರೆ ಏನೂ ನೆನಪಿರಲಿಲ್ಲ. ಅವತ್ತು ರಾತ್ರಿ ಸೆಕೆಂಡ್ ಶೋಗೆ ಮತ್ತೆ ಹೋದೆ. ಕತ್ತಲಲ್ಲೇ ಗೀಚಿಕೊಂಡೆ. ಬೆಳಗ್ಗೆ ಓದಲು ಬಂದದ್ದು ಎರಡೇ ಸಾಲು, ಒಂದು ಒದ್ದೆ ಚಪ್ಪಲಿಯ ಬಗ್ಗೆ. ವಿಮರ್ಶೆಯನ್ನು ಅಲ್ಲಿಂದಲೇ ಶುರು ಮಾಡಿದೆ. ಅವರು ಏನೂ ಹೇಳಲಿಲ್ಲ. ಸುಮ್ನೆ ಅಚ್ಚಿಗೆ ಕಳಿಸಿದರು. ಆ ಖುಷಿ ಇವತ್ತಿಗೂ ಇದೆ.

ಇನ್ನು ನಿಮ್ಮ ಕೊನೆಯ ಸಾಲು: ‘ಕಾಲ ಮರೆತ ದುರಂತ ನಾಯಕ.’ ಇದನ್ನು ನಾನು ಒಪ್ಪುವುದಿಲ್ಲ. ನಿಜ, ಅವನು ಮಾಡಿದ್ದು ಕಡಿಮೆ. ತನ್ನ ಬಾಲ್ಯದ ಮೇಲೆ ಮೂರು ಪುಟ್ಟ ಚಿತ್ರ. ಆಮೇಲೆ, ಕೂಲಿಕಾರರ ಸಂಘ ಕಟ್ಟಿದ್ದಕ್ಕೆ 1834ರಲ್ಲಿ ಇಂಗ್ಲೆಂಡಿನಿಂದ ಆಸ್ಟ್ರೇಲಿಯಾಕ್ಕೆ ಗಡೀಪಾರಾದ ಆರು ಕೃಷಿಕೂಲಿಗಳ ಮೇಲೆ ಮೂರು ಗಂಟೆಯ ‘ಕಾಮ್ರೇಡ್ಸ್’. 1991ರಲ್ಲಿ ತೀರಿಕೊಂಡ. ಆದರೆ ‘ಕಾಮ್ರೇಡ್ಸ್’ನಲ್ಲಿ ಗಾಜಿನ ಚಿತ್ರಗಳನ್ನು ದೀಪದ ಬೆಳಕಲ್ಲಿ ತೋರಿಸುತ್ತಾ ಊರೂರು ಅಲೆಯುವವನೊಬ್ಬ ಬರುತ್ತಾನೆ. ಅಂಥ ಹಳೇ ಚಿತ್ರದೀಪಗಳನ್ನು ಡಗ್ಲಸ್ ಗೆಳೆಯ ಪೀಟರ್ ಜ್ಯುವೆಲ್ ಜೊತೆ ಸೇರಿ ವರ್ಷಗಟ್ಟಲೆ ಕೂಡಿಟ್ಟ. ಅವೆಲ್ಲ ಈಗ ಇಂಗ್ಲೆಂಡಿನ ಎಕ್ಸೆಟರ್ ವಿಶ್ವವಿದ್ಯಾಲಯದಲ್ಲಿ ಅವನದೇ ಹೆಸರಿನ ಮ್ಯೂಸಿಯಂ ಆಗಿವೆ. ಬಾಟಲಿ ಕೊಟ್ಟು ಒಳಗೆ ಹೋದ ಹುಡುಗನ ಸಂಗ್ರಹ ಅದು. ಹೀಗಿರುವಾಗ ಕಾಲ ಮರೆತದ್ದು ಎಲ್ಲಿ?

ಮತ್ತೆ ಬರೆದು ಕಳಿಸಿ. ಬಾಟಲಿಯಿಂದ ಶುರು ಮಾಡಿ. ನಾನು ಕಾಯುತ್ತೇನೆ.