ಅಜ್ಜಿಯ ಪ್ರಶ್ನೆಯಿಂದ ಶುರು ಮಾಡಿ

ಹಾವೇರಿಯ ಲೇಖಕಿಗೆ,

ನಮಸ್ಕಾರ. ನಿಮ್ಮ ‘ಹೃದಯದ ವಿದ್ಯುತ್ ರಹಸ್ಯ’ ಲೇಖನ ಧಾರವಾಡಕ್ಕೆ ಬಂದು ಮೂರು ವಾರವಾಯಿತು. ಎರಡು ಸಲ ಓದಿದೆ. ಈಗಿರುವ ಹಾಗೆ ಅಚ್ಚು ಹಾಕಲು ಆಗುವುದಿಲ್ಲ. ಆದರೆ ಜೊತೆಗೆ ಇಟ್ಟ ಪತ್ರವನ್ನು ನಾಲ್ಕು ಸಲ ಓದಿದೆ. ಖರೇ ಹೇಳಬೇಕೆಂದರೆ, ನಿಮ್ಮ ಒಳ್ಳೆಯ ಬರವಣಿಗೆ ಇರೋದು ಆ ಪತ್ರದಲ್ಲಿ.

ಇಸಿಜಿ ತೆಗೆಯಲು ಎದೆಗೆ ಜೆಲ್ ಹಚ್ಚುವಾಗ ಬ್ಯಾಡಗಿ ಕಡೆಯ ಅಜ್ಜಿಯೊಬ್ಬರು ನಿಮ್ಮ ಕೈ ಹಿಡಿದು, ‘ಯವ್ವಾ, ಇದರಾಗಿಂದ ನನಗ ಕರೆಂಟ್ ಬಿಡ್ತೀಯೇನ?’ ಎಂದು ಕೇಳಿದ್ದನ್ನು ಬರೆದಿದ್ದೀರಿ. ಲೇಖನ ಇಲ್ಲಿಂದ ಶುರು ಆಗಬೇಕು. ‘ಹೃದಯವು ಮಾನವ ದೇಹದ ಅತ್ಯಂತ ಪ್ರಮುಖ ಅಂಗವಾಗಿದೆ’ ಎಂಬ ಸಾಲಿನಿಂದ ಅಲ್ಲ. ಅದು ಯಾರಿಗೆ ಗೊತ್ತಿಲ್ಲ ಹೇಳಿ? ಯಂತ್ರ ಕರೆಂಟ್ ಬಿಡುವುದಿಲ್ಲ. ಅಜ್ಜಿಯ ಮೈಯೊಳಗೇ ಹುಟ್ಟುವ ಸಣ್ಣ ಕರೆಂಟನ್ನು ಚರ್ಮದ ಮೇಲಿಂದ ಹಿಡಿಯುತ್ತದೆ, ಅಷ್ಟೇ. ಹಾಗಾದರೆ ಅದು ಹುಟ್ಟುವುದು ಎಲ್ಲಿ, ಹೇಗೆ? ಇಷ್ಟು ಕೇಳಿದರೆ ಸಾಕು, ಓದುಗರು ನಿಮ್ಮ ಹಿಂದೆ ಬರುತ್ತಾರೆ.

ಇನ್ನು ಭಾಷೆ. ‘ವಿಧ್ರುವೀಕರಣ’, ‘ಪುನರ್ಧ್ರುವೀಕರಣ’ ಎರಡೂ ಸೇರಿ 31 ಸಲ ಬಂದಿವೆ. ಎಣಿಸಿದ್ದೇನೆ. ಆ ಅಜ್ಜಿಯ ಮುಂದೆ ಈ ಮಾತು ಆಡುತ್ತೀರಾ? ನಿಮ್ಮ ವಾರ್ಡಿನಲ್ಲೇ ಯಾರೂ ಆಡುವುದಿಲ್ಲ. ಡಿಪೋಲರೈಸೇಶನ್ ಎಂದು ಒಮ್ಮೆ ಹೇಳಿ, ಆಮೇಲೆ ಏನು ನಡೆಯುತ್ತದೆ ಅನ್ನೋದನ್ನು ತೋರಿಸಿ.

ನೀವು ಕೊಟ್ಟ ಉದಾಹರಣೆ ಸ್ವಿಚ್ಚು ಮತ್ತು ಬಲ್ಬಿನದು. ಅದು ದಾರಿ ತಪ್ಪಿಸುತ್ತದೆ. ತಂತಿಯಲ್ಲಿ ಕರೆಂಟ್ ಉದ್ದಕ್ಕೆ ಹರಿಯುತ್ತದೆ. ಇಲ್ಲಿ ಮುಖ್ಯವಾದದ್ದು ಕೋಶದ ಪೊರೆ ದಾಟಿ ಒಳಗೆ ಹೊರಗೆ ಓಡಾಡುವ, ಪ್ಲಸ್ ಚಾರ್ಜ್ ಹೊತ್ತ ಉಪ್ಪಿನ ಕಣಗಳು. ಹೃದಯದ ಕೆಳಕೋಣೆಯ ಕೋಶವೊಂದು ಸುಮ್ನೆ ಕೂತಾಗ ಅದರ ಒಳಗಡೆ ಹೊರಗಿಗಿಂತ ಸುಮಾರು 90 ಮಿಲಿವೋಲ್ಟ್ ಮೈನಸ್ ಇರುತ್ತದೆ. ಹೊರಗೆ ಸೋಡಿಯಂ ಜಾಸ್ತಿ, ಒಳಗೆ ಪೊಟ್ಯಾಸಿಯಂ ಜಾಸ್ತಿ. ಪಕ್ಕದ ಕೋಶದಿಂದ ಸುದ್ದಿ ಮುಟ್ಟಿದೊಡನೆ ಸೋಡಿಯಂ ಬಾಗಿಲುಗಳು ತೆರೆಯುತ್ತವೆ. ಹುಬ್ಬಳ್ಳಿಯಲ್ಲಿ ಚಿಗರಿ ಬಸ್ಸಿನ ಬಾಗಿಲು ಸರಿದಾಗ ಜನ ನುಗ್ಗುತ್ತಾರಲ್ಲ, ಹಾಗೆ ಸೋಡಿಯಂ ಒಳಗೆ ನುಗ್ಗುತ್ತದೆ. ಒಂದೆರಡು ಮಿಲಿಸೆಕೆಂಡಿನಲ್ಲಿ ಒಳಗಿನ ಮೈನಸ್ ಅಳಿದು ಪ್ಲಸ್ 20ರ ಆಚೆ ಹೋಗುತ್ತದೆ. ಡಿಪೋಲರೈಸೇಶನ್ ಅಂದರೆ ಇದು. ಬಾಗಿಲು ತಕ್ಷಣ ಮುಚ್ಚುತ್ತದೆ. ಒಳಗಡೆ ಮತ್ತೆ ಸಾಕಷ್ಟು ಮೈನಸ್ ಆಗುವ ತನಕ ಎಷ್ಟು ಬಡಿದರೂ ತೆರೆಯುವುದಿಲ್ಲ.

ಈಗ ದೊಡ್ಡ ತಪ್ಪಿಗೆ ಬರುತ್ತೇನೆ. ‘ನಂತರ ಸೋಡಿಯಂ ಹೊರಗೆ ಹೋಗಿ ಕೋಶ ಮೊದಲಿನ ಸ್ಥಿತಿಗೆ ಮರಳುತ್ತದೆ’ ಎಂದಿದ್ದೀರಿ. ಇಲ್ಲ. ಆಗ ಹೊರಗೆ ಹೋಗುವುದು ಪೊಟ್ಯಾಸಿಯಂ. ಪ್ಲಸ್ ಹೊತ್ತ ಪೊಟ್ಯಾಸಿಯಂ ಹೊರಬಿದ್ದಂತೆ ಒಳಗೆ ಮೈನಸ್ ಮರಳುತ್ತದೆ. ರೀಪೋಲರೈಸೇಶನ್ ಅಂದರೆ ಇದು. ಒಳಗೆ ಬಂದ ಸೋಡಿಯಂ ಅನ್ನು ಎತ್ತಿ ಹಾಕುವ ಪಂಪ್ ಬೇರೆಯೇ ಇದೆ. ಮೂರು ಸೋಡಿಯಂ ಹೊರಗೆ, ಎರಡು ಪೊಟ್ಯಾಸಿಯಂ ಒಳಗೆ, ಹೀಗೆ ಅದು ಹಗಲು ರಾತ್ರಿ ನಿಧಾನವಾಗಿ ದುಡಿಯುತ್ತಲೇ ಇರುತ್ತದೆ. ಒಂದು ಬಡಿತದ ಅವಸರದಲ್ಲಿ ಮುಗಿಸುವ ಕೆಲಸ ಅದರದ್ದಲ್ಲ. ಈ ತಪ್ಪು ನಿಮ್ಮೊಬ್ಬರದ್ದಲ್ಲ ಬಿಡಿ, ಎಷ್ಟೋ ಜನ ಹಾಗೆ ತಿಳಿದಿದ್ದಾರೆ.

ಸೋಡಿಯಂ ಒಳಗೆ ಬರುವುದು, ಪೊಟ್ಯಾಸಿಯಂನಿಂದ ಮೈನಸ್ ಮರಳುವುದು, ಈ ಎರಡರ ನಡುವಿನ ಕತೆಯನ್ನು ನೀವು ಒಂದೇ ಸಾಲಿನಲ್ಲಿ ಮುಗಿಸಿದ್ದೀರಿ. ನನಗೆ ಬೇಜಾರಾಗಿದ್ದು ಅಲ್ಲೇ. ನರದ ಕೋಶದಲ್ಲಿ ಇಡೀ ಆಟ ಕೆಲವೇ ಮಿಲಿಸೆಕೆಂಡಿನಲ್ಲಿ ಮುಗಿಯುತ್ತದೆ. ಹೃದಯದ ಕೋಶ ಮಾತ್ರ ಸುಮಾರು 200 ಮಿಲಿಸೆಕೆಂಡು ಏರಿದ ಮಟ್ಟದಲ್ಲೇ ತಡೆದು ನಿಲ್ಲುತ್ತದೆ. ಪೊಟ್ಯಾಸಿಯಂ ಹೊರಗೆ ಹೋಗುತ್ತಿದ್ದರೂ ಅತ್ತ ಕ್ಯಾಲ್ಸಿಯಂ ಒಳಗೆ ಬರುತ್ತಿರುತ್ತದೆ, ಹಾಗಾಗಿ ಮಟ್ಟ ಇಳಿಯುವುದಿಲ್ಲ. ಬಂದ ಕ್ಯಾಲ್ಸಿಯಂ ಸ್ವಲ್ಪವೇ. ಆದರೆ ಕೋಶದೊಳಗಿನ ಉಗ್ರಾಣದ ಬಾಗಿಲು ತೆರೆಸಿ ಇನ್ನಷ್ಟು ಕ್ಯಾಲ್ಸಿಯಂ ಹೊರಡಿಸುತ್ತದೆ. ಸ್ನಾಯು ಹಿಂಡಿಕೊಳ್ಳುವುದು ಅದರಿಂದ. ಮೊದಲು ಕರೆಂಟ್, ಆಮೇಲೆ ಹಿಂಡುವುದು. ಆದ್ದರಿಂದ ‘ಇಸಿಜಿ ಗೆರೆ ಅಂದರೆ ಬಡಿತದ ಚಿತ್ರ’ ಎಂಬ ನಿಮ್ಮ ಸಾಲನ್ನೂ ತೆಗೆಯಿರಿ.

ಇಷ್ಟು ಹೊತ್ತು ತಡೆಯುವುದು ಯಾಕೆ? ಅಮರಗೋಳದ ಎಪಿಎಂಸಿಯಲ್ಲಿ ಹಮಾಲರು ಚೀಲ ಹಿಡಿದ ಕೈ ಸಡಿಲಿಸದೆ ಲಾರಿವರೆಗೆ ಹೋಗುತ್ತಾರೆ. ತೋಳಿನ ಸ್ನಾಯುವಿಗೆ ಸುದ್ದಿಯ ಮೇಲೆ ಸುದ್ದಿ ಬರುತ್ತಿದ್ದರೆ ಬಿಗಿದೇ ಇರಬಲ್ಲದು. ಹೃದಯ ಹಾಗೆ ಬಿಗಿದು ಕೂತರೆ ರಕ್ತ ತುಂಬುವುದು ಯಾವಾಗ? ಆ 200 ಮಿಲಿಸೆಕೆಂಡಿನಲ್ಲಿ ಹೊಸ ಸುದ್ದಿ ಬಂದರೂ ಕೋಶ ಕೇಳಿಸಿಕೊಳ್ಳುವುದಿಲ್ಲ. ಕೇಳಿಸಿಕೊಳ್ಳುವ ಹೊತ್ತಿಗೆ ಸ್ನಾಯು ಬಹುಪಾಲು ಸಡಿಲವಾಗಿರುತ್ತದೆ. ಈ ಭಾಗಕ್ಕೆ ಒಂದು ಇಡೀ ಪುಟ ಕೊಡಿ.

‘ಮೆದುಳಿನ ಆಜ್ಞೆಯಂತೆ ಹೃದಯ ಬಡಿಯುತ್ತದೆ’ ಎಂಬ ಮಾತೂ ಬೇಡ. ನರಗಳು ವೇಗ ಏರಿಸಿ ಇಳಿಸುತ್ತವೆ, ಅಷ್ಟೇ. ಬಡಿತ ಶುರು ಮಾಡುವುದು ಬಲ ಮೇಲ್ಕೋಣೆಯ ಸೈನಸ್ ನೋಡ್ ಎಂಬ ಕೋಶಗಳ ಗುಂಪು. ಅಲ್ಲಿನ ಕೋಶಗಳು ಸುಮ್ನೆ ಕೂರುವುದೇ ಇಲ್ಲ, ತಾವಾಗಿ ಪ್ಲಸ್ ಕಡೆಗೆ ಏರುತ್ತಲೇ ಇರುತ್ತವೆ.

ಇಸಿಜಿ ಯಂತ್ರ ರೂಪಿಸಿದ ಐಂತೋವನ್ ಅವರ ಜೀವನಕ್ಕೆ ಒಂದೂವರೆ ಪುಟ ಜಾಸ್ತಿಯಾಯಿತು. ಇಸಿಜಿಗಾಗಿ 1924ರಲ್ಲಿ ನೊಬೆಲ್ ಬಂತು ಎಂದರೆ ಸಾಕು. ಆದರೆ ಅವರ ಕಾಲದಲ್ಲಿ ರೋಗಿ ಎರಡು ಕೈ, ಒಂದು ಕಾಲನ್ನು ಉಪ್ಪುನೀರಿನ ಪಾತ್ರೆಗಳಲ್ಲಿ ಅದ್ದಿ ಕೂರಬೇಕಿತ್ತು ಎಂದು ಬರೆದಿದ್ದೀರಲ್ಲ, ಅದನ್ನು ಬಿಡಬೇಡಿ. ಅದನ್ನು ನೋಡಿದ್ದರೆ ನಿಮ್ಮ ಬ್ಯಾಡಗಿ ಅಜ್ಜಿ ಎದ್ದು ಮನೆಗೆ ಹೋಗಿರುತ್ತಿದ್ದರು!

ಕೊನೆಗೆ ಒಂದು ಪ್ರಶ್ನೆ. ಇಸಿಜಿ ಗೆರೆಯ ಚೂಪು ಏರಿಳಿತವಾದ ಕ್ಯೂಆರ್‌ಎಸ್ ಅಂದರೆ ಕೆಳಕೋಣೆ ಪ್ಲಸ್ ಆಗುವುದು, ಆಮೇಲಿನ ಗುಡ್ಡವಾದ ಟಿ ಅಂದರೆ ಮೈನಸ್‌ಗೆ ಮರಳುವುದು ಎಂದಿದ್ದೀರಿ. ಸರಿ. ಹಾಗಾದರೆ ಟಿ ತಲೆಕೆಳಗಾಗಿ ಬರಬೇಕಲ್ವಾ? ಹೆಚ್ಚಿನ ಲೀಡುಗಳಲ್ಲಿ, ಅಂದರೆ ಬೇರೆ ಬೇರೆ ಕೋನದಿಂದ ತೆಗೆದ ಗೆರೆಗಳಲ್ಲಿ, ಅದೂ ಮೇಲ್ಮುಖವೇ ಯಾಕೆ? ಚುರುಕಾದ ಓದುಗರು ಕೇಳಿಯೇ ಕೇಳುತ್ತಾರೆ. ಹೃದಯದ ಗೋಡೆಯ ಹೊರಮೈ ಕೋಶಗಳು ಕೊನೆಗೆ ಎದ್ದು ಮೊದಲು ಮಲಗುತ್ತವೆ, ಅಂದರೆ ಕೊನೆಗೆ ಪ್ಲಸ್ ಆಗಿ ಮೊದಲು ಮೈನಸ್‌ಗೆ ಮರಳುತ್ತವೆ. ಕೆಲಸವೂ ಉಲ್ಟಾ, ದಿಕ್ಕೂ ಉಲ್ಟಾ. ಎರಡು ಉಲ್ಟಾ ಸೇರಿ ಗೆರೆ ನೆಟ್ಟಗೆ. ದಿನಾ ಆ ಕಾಗದ ನೋಡುವ ನೀವು ಇದನ್ನು ನನಗಿಂತ ಚೆನ್ನಾಗಿ ಬರೆಯಬಲ್ಲಿರಿ.

ತಿದ್ದಿ ಮತ್ತೆ ಕಳಿಸಿ, ಅವಸರ ಬೇಡ. ಹಾಂ, ಅಜ್ಜಿ ಕೇಳಿದ್ದಕ್ಕೆ ನೀವು ಏನು ಉತ್ತರ ಕೊಟ್ಟಿರಿ ಎಂದು ಪತ್ರದಲ್ಲಿ ಬರೆದೇ ಇಲ್ಲ. ಅದನ್ನೂ ಸೇರಿಸಿ.

ಇತಿ,
ಸಂಪಾದಕ