ಜತ್ತದಿಂದ ಹುಬ್ಬಳ್ಳಿಗೆ ಬಂದ ಅವ್ವನಿಗೆ ಕರ್ನಾಟಕದ ಗುರುತಿನ ಚೀಟಿ ಮಾಡಿಸುವುದು ಹೇಗೆ?

ಅಕ್ಕಾರ, ನಿಮ್ಮ ಪ್ರಶ್ನೆ ಓದುತ್ತಿದ್ದಂತೆ ನಮ್ಮವ್ವನ ಮುಖ ಕಣ್ಣ ಮುಂದೆ ಬಂತು. ತಾಯಿಯವರು ಎಂಟು ತಿಂಗಳ ಹಿಂದೆ ಜತ್ತ ತಾಲೂಕಿನಿಂದ ಬಂದು ಹುಬ್ಬಳ್ಳಿಯಲ್ಲಿ ನಿಮ್ಮ ಹತ್ತಿರ ಇದ್ದಾರೆ, ಆಧಾರ್ ಮಹಾರಾಷ್ಟ್ರದ್ದು, ಗದಗದ ಬಸ್ಸಿನಲ್ಲಿ ರೊಕ್ಕ ಕೊಟ್ಟು ಟಿಕೆಟ್ ತಗೊಳ್ಳಬೇಕಾಯಿತು. ಕರ್ನಾಟಕದ ನಿವಾಸಿ ಎನ್ನುವ ಚೀಟಿ ಎಲ್ಲಿ ಮಾಡಿಸಬೇಕು, ಅದಕ್ಕೆ ಎಷ್ಟು ವರ್ಷ ಇಲ್ಲಿದ್ದಿರಬೇಕು ಎಂದು ಕೇಳಿದ್ದೀರಿ. ನಾನು ಇದನ್ನೆಲ್ಲ ನಮ್ಮವ್ವನ ಸಲುವಾಗಿ ಮಾಡಿದವಳು. ಅವಳು ಅಕ್ಕಲಕೋಟ ತಾಲೂಕಿನ ಹಳ್ಳಿಯವಳು. ಅಪ್ಪ ತೀರಿಕೊಂಡ ಮೇಲೆ, 2024ರ ದೀಪಾವಳಿ ಮುಗಿಸಿಕೊಂಡು ಉಣಕಲ್ಲಿನ ನಮ್ಮ ಬಾಡಿಗೆ ಮನೆಗೆ ಬಂದಳು.

ಮೊದಲು ಒಂದು ಮಾತು. ಬಸ್ಸಿಗೆ ಕರ್ನಾಟಕದ ನಿವಾಸಿ ಅಂತ ಬರೆದ ಪ್ರತ್ಯೇಕ ಚೀಟಿ ಬೇಕಿಲ್ಲ. ಕಂಡಕ್ಟರ್ ನೋಡುವುದು ಸರ್ಕಾರ ಕೊಟ್ಟ, ಫೋಟೋ ಇರುವ ಗುರುತಿನ ಚೀಟಿಯಲ್ಲಿ ವಿಳಾಸ ಕರ್ನಾಟಕದ್ದು ಇದೆಯೋ ಇಲ್ಲವೋ ಎಂಬುದನ್ನು. ರಾಜ್ಯದ ಹೆಣ್ಣುಮಕ್ಕಳಿಗೆ ಬಸ್ ಪ್ರಯಾಣ ಉಚಿತ ಮಾಡಿದ ಶಕ್ತಿ ಯೋಜನೆ 2023ರ ಜೂನ್ 11ರಂದು ಶುರುವಾದಾಗಿನಿಂದ ಅದೇ ನಿಯಮ. ಆ ಕಂಡಕ್ಟರ್ ಮೇಲೆ ಸಿಟ್ಟಾಗಬೇಡಿ. ಅವರು ಹರಿದುಕೊಟ್ಟ ಶೂನ್ಯ ದರದ ಟಿಕೆಟ್‌ಗಳ ಲೆಕ್ಕದ ಮೇಲೆಯೇ ಸಾರಿಗೆ ಸಂಸ್ಥೆಗೆ ಸರ್ಕಾರದಿಂದ ಹಣ ಬರುವುದು. ಹೊರ ರಾಜ್ಯದ ವಿಳಾಸಕ್ಕೆ ಟಿಕೆಟ್ ಕೊಟ್ಟರೆ ತಪಾಸಣೆಯವರಿಗೆ ಉತ್ತರ ಹೇಳಬೇಕಾದವರು ಅವರೇ.

ವರ್ಷದ ಮಾತೂ ಹಾಗೆಯೇ. ಏಳು ವರ್ಷ ಇಲ್ಲಿರಬೇಕು ಎಂದು ನಿಮಗೆ ಯಾರೋ ಹೇಳಿದ್ದಾರಲ್ಲ, ಅದು ಸಿಇಟಿ ಸೀಟಿನ ಮಾತು. ಅಲ್ಲಿ ಮಗು ಏಳು ವರ್ಷ ಕರ್ನಾಟಕದಲ್ಲಿ ಓದಿರಬೇಕು ಎಂಬ ನಿಯಮ ಇದೆ. ಜನ ಅದನ್ನು ತಂದು ಎಲ್ಲದಕ್ಕೂ ಹಚ್ಚುತ್ತಾರೆ. ಹೊಸದಾಗಿ ಆಧಾರ್ ಮಾಡಿಸುವವರಿಗೆ ಕಾನೂನಿನಲ್ಲಿ ಇರುವುದು ಹಿಂದಿನ 12 ತಿಂಗಳಲ್ಲಿ 182 ದಿನ ಭಾರತದಲ್ಲಿ ವಾಸ ಇರಬೇಕು ಎನ್ನುವುದಷ್ಟೇ, ಅದು ಯಾವುದೋ ಒಂದು ರಾಜ್ಯದ ಲೆಕ್ಕವೂ ಅಲ್ಲ. ನಿಮ್ಮ ತಾಯಿ ನಿಜವಾಗಿ ನಿಮ್ಮ ಮನೆಯಲ್ಲೇ ಇದ್ದಾರೆ ಅಂದಮೇಲೆ ಆಧಾರ್ ವಿಳಾಸ ಇಲ್ಲಿಗೆ ತರಲು ಯಾವ ಅಡ್ಡಿಯೂ ಇಲ್ಲ. ಅದೇ ಮೊದಲ ಕೆಲಸ. ಉಳಿದ ಚೀಟಿಗಳೆಲ್ಲ ಅದರ ಹಿಂದೆ ಬರುತ್ತವೆ.

ನಾನು ಎಲ್ಲಿ ಸಿಕ್ಕಿಬಿದ್ದೆ ಎಂದು ಹೇಳುತ್ತೇನೆ, ನಿಮಗೆ ಎರಡು ತಿಂಗಳು ಉಳಿದಾವು. ವಿಳಾಸಕ್ಕೆ ಪುರಾವೆ ಕೊಡಿ ಎಂದಾಗ ಮನೆಯ ಕಾಗದವನ್ನೆಲ್ಲ ಹರವಿಕೊಂಡು ಕುಳಿತೆ. ಬಾಡಿಗೆ ಕರಾರು ನಮ್ಮ ಯಜಮಾನರ ಹೆಸರಿನಲ್ಲಿ. ಕರೆಂಟ್ ಬಿಲ್ ಮನೆ ಮಾಲೀಕರ ಹೆಸರಿನಲ್ಲಿ. ಗ್ಯಾಸಿನ ಪುಸ್ತಕ ನನ್ನ ಹೆಸರಿನಲ್ಲಿ. ಈ ಊರಿನಲ್ಲಿ ಅವ್ವನ ಹೆಸರು ಬರೆದ ಒಂದು ತುಂಡು ಕಾಗದವೂ ಇರಲಿಲ್ಲ. ದಿನಾ ಬೆಳಿಗ್ಗೆ ಅಂಗಳ ಕಸ ಹೊಡೆದು ನೀರು ಹಾಕುವವಳು ಅವಳು, ಓಣಿಯವರೆಲ್ಲ ಅವಳನ್ನು ಬಲ್ಲರು, ಕಾಗದಕ್ಕೆ ಮಾತ್ರ ಅವಳು ಗೊತ್ತಿಲ್ಲ. ಕರೆಂಟ್ ಬಿಲ್ಲನ್ನೇ ಹಾಕಿ ಅರ್ಜಿ ಕಳಿಸಿದೆ. ಹೆಸರು ಹೊಂದುವುದಿಲ್ಲ ಎಂದು ತಿರಸ್ಕಾರ ಆಯಿತು, ಕಟ್ಟಿದ 50 ರೂಪಾಯಿಯೂ ಹೋಯಿತು. ಆಮೇಲೆ ಒಂದು ಕಂಪ್ಯೂಟರ್ ಅಂಗಡಿಯವರು 800 ರೂಪಾಯಿ ಕೊಟ್ಟರೆ ಅವ್ವನ ಹೆಸರಿಗೆ ಬಾಡಿಗೆ ಕರಾರು ಹುಟ್ಟಿಸಿಕೊಡುತ್ತೇವೆ ಎಂದರು. ನಾನು ಒಲ್ಲೆ ಅಂದೆ. ಅವ್ವ ನನ್ನ ಮನೆಯಲ್ಲಿ ಬಾಡಿಗೆದಾರಳಲ್ಲ. ಸುಳ್ಳು ಕಾಗದದ ಮೇಲೆ ಅವಳ ಹೆಬ್ಬಟ್ಟು ಒತ್ತಿಸಿದರೆ ನಾಳೆ ಅದಕ್ಕೆ ಉತ್ತರ ಹೇಳಬೇಕಾದವಳು ಅವಳು. ನೀವೂ ಯಾರ ಮಾತಿಗೂ ಒಪ್ಪಬೇಡಿ.

ಸರಿಯಾದ ದಾರಿ ಬೇರೆಯೇ ಇತ್ತು, ನನಗೆ ಗೊತ್ತಿರಲಿಲ್ಲ. 2023ರ ಜನವರಿಯಿಂದ ಆಧಾರ್ ಪ್ರಾಧಿಕಾರ ಕುಟುಂಬದ ಮುಖ್ಯಸ್ಥರ ವಿಳಾಸದ ಮೇಲೆ ಮನೆಯವರ ವಿಳಾಸ ಬದಲಿಸುವ ವ್ಯವಸ್ಥೆ ಮಾಡಿದೆ. ಮುಖ್ಯಸ್ಥರು ಎಂಬ ಶಬ್ದ ಕೇಳಿ ಅದು ಗಂಡಸರೇ ಆಗಿರಬೇಕು, ಹಿರಿಯರೇ ಆಗಿರಬೇಕು, ರೇಷನ್ ಕಾರ್ಡಿನಲ್ಲಿ ಮೊದಲ ಹೆಸರು ಇರಬೇಕು ಎಂದುಕೊಳ್ಳಬೇಡಿ. 18 ವರ್ಷ ದಾಟಿದ ಯಾರೇ ಆದರೂ ಈ ಕೆಲಸಕ್ಕೆ ಮುಖ್ಯಸ್ಥರು. ಮಗಳು ತನ್ನ ವಿಳಾಸವನ್ನು ತಾಯಿಗೆ ಕೊಡಬಹುದು. ನೋಡ್ರಿ, ತಾಯಿ ಹೆಸರಿನ ಕರಾರು ಬೇಡ, ಬಿಲ್ ಬೇಡ, ಮಗಳ ಒಪ್ಪಿಗೆ ಸಾಕು. ಆದರೆ ನಿಮ್ಮ ಆಧಾರ್‌ನಲ್ಲಿ ಈಗಿರುವ ಹುಬ್ಬಳ್ಳಿ ಮನೆಯ ವಿಳಾಸವೇ ಇದೆಯೇ ಎಂದು ಇವತ್ತೇ ನೋಡಿಕೊಳ್ಳಿ. ಹಳೆಯ ಮನೆಯದೋ ಗಂಡನ ಊರಿನದೋ ಇದ್ದರೆ ನಿಮ್ಮದನ್ನು ಮೊದಲು ಸರಿ ಮಾಡಿಸಬೇಕು, ಯಾಕಂದರೆ ನಿಮ್ಮಲ್ಲಿ ಇರುವುದೇ ತಾಯಿಯವರಿಗೆ ಹೋಗುತ್ತದೆ.

ಕ್ರಮ ಹೀಗಿದೆ. ಮೈ ಆಧಾರ್ ಪೋರ್ಟಲ್‌ನಲ್ಲಿ ತಾಯಿಯವರ ಆಧಾರ್ ಸಂಖ್ಯೆ, ಅವರ ಮೊಬೈಲಿಗೆ ಬರುವ ಓಟಿಪಿ ಹಾಕಿ ಒಳಗೆ ಹೋಗಬೇಕು. ಕುಟುಂಬದ ಮುಖ್ಯಸ್ಥರ ಮೂಲಕ ವಿಳಾಸ ಬದಲಾವಣೆ ಎಂಬುದನ್ನು ಆರಿಸಿ ನಿಮ್ಮ ಆಧಾರ್ ಸಂಖ್ಯೆ ಹಾಕಬೇಕು. ನಿಮಗೂ ಅವರಿಗೂ ಇರುವ ಸಂಬಂಧ ತೋರಿಸುವ ಒಂದು ಕಾಗದ ಏರಿಸಬೇಕು. ರೇಷನ್ ಕಾರ್ಡ್, ಅಂಕಪಟ್ಟಿ, ಪಾಸ್‌ಪೋರ್ಟ್, ಯಾವುದಾದರೂ ಸರಿ, ಇಬ್ಬರ ಹೆಸರೂ ಅದರಲ್ಲಿ ಇರಬೇಕು. ಶುಲ್ಕ ಕಟ್ಟಿದ ಮೇಲೆ ಒಂದು ಅರ್ಜಿ ಸಂಖ್ಯೆ ಬರುತ್ತದೆ, ನಿಮ್ಮ ಮೊಬೈಲಿಗೆ ಸಂದೇಶ ಬರುತ್ತದೆ. ನಾವು ಮಾಡಿಸಿದಾಗ ಶುಲ್ಕ 50 ರೂಪಾಯಿ ಇತ್ತು, 2025ರ ಅಕ್ಟೋಬರ್‌ನಿಂದ 75 ಆಗಿದೆ. ಆಮೇಲೆ ನೀವು ನಿಮ್ಮ ಆಧಾರ್‌ನಿಂದ ಒಳಗೆ ಹೋಗಿ 30 ದಿನದೊಳಗೆ ಒಪ್ಪಿಗೆ ಕೊಡಬೇಕು. ಮರೆತರೆ ಅರ್ಜಿ ಮುಚ್ಚಿಹೋಗುತ್ತದೆ, ಹಣ ವಾಪಸ್ ಬರುವುದಿಲ್ಲ. ಸಂದೇಶ ಬಂದ ದಿನವೇ ಮುಗಿಸಿಬಿಡಿ.

ಇಲ್ಲಿ ಎರಡು ತೊಡಕು ಬರುತ್ತವೆ, ಎರಡೂ ನಮಗೆ ಬಂದವು.

ಒಂದು, ಮೊಬೈಲ್. ಅವ್ವನ ಆಧಾರ್‌ಗೆ ಕೂಡಿಸಿದ್ದು ಅಪ್ಪನ ನಂಬರ್. ಅಪ್ಪ ಹೋದ ಮೇಲೆ ಯಾರೂ ರೀಚಾರ್ಜ್ ಮಾಡಿರಲಿಲ್ಲ, ಆ ಸಿಮ್ ಸತ್ತಿತ್ತು. ಓಟಿಪಿ ಎಲ್ಲಿಂದ ಬರಬೇಕು? ಅಂಚೆ ಕಚೇರಿಯ ಆಧಾರ್ ಕೌಂಟರ್‌ಗೆ ಕರೆದುಕೊಂಡು ಹೋದೆ. ನಂಬರ್ ಬದಲಿಸಲು ಯಾವ ದಾಖಲೆಯೂ ಬೇಕಿಲ್ಲ, ಆ ಮನುಷ್ಯ ಎದುರಿಗೆ ಇದ್ದರೆ ಸಾಕು. ಆದರೆ ಅವ್ವನ ಬೆರಳು ಯಂತ್ರಕ್ಕೆ ಹತ್ತಲಿಲ್ಲ. ಐವತ್ತು ವರ್ಷ ಜೋಳ ಕೊಯ್ದು, ಕಳೆ ಕಿತ್ತು, ಕಟ್ಟಿಗೆ ಒಡೆದು ಬೆರಳ ತುದಿಯ ಗೆರೆಗಳೆಲ್ಲ ಸವೆದಿವೆ. ಕೌಂಟರ್‌ನಲ್ಲಿದ್ದ ಹುಡುಗ ಒದ್ದೆ ಅರಿವೆಯಿಂದ ಒರೆಸಿದ, ಒಂದೊಂದೇ ಬೆರಳು ಒತ್ತಿ ನೋಡಿದ. ಹತ್ತೂ ಬೆರಳು ಮುಗಿದವು, ಒಂದೂ ಹತ್ತಲಿಲ್ಲ. ಹಿಂದೆ ಪಾಳಿಯಲ್ಲಿದ್ದವರು ಗೊಣಗತೊಡಗಿದರು, ಅವ್ವ ತನ್ನದೇ ತಪ್ಪು ಎನ್ನುವಂತೆ ಕೈಯನ್ನು ಸೆರಗಿನೊಳಗೆ ಎಳೆದುಕೊಂಡಳು. ಆಗ ಆ ಹುಡುಗ ಕಣ್ಣಿನ ಪಾಪೆ ತೆಗೆಯುವ ಯಂತ್ರ ತೆಗೆದ. “ಅಜ್ಜೀ, ಕಣ್ಣ ಮುಚ್ಚಬ್ಯಾಡ್ರಿ, ಇದರಾಗ ನೋಡ್ರಿ” ಎಂದು ದುರ್ಬೀನಿನಂತೆ ಅವಳ ಮುಖಕ್ಕೆ ಹಿಡಿದ. ಎರಡನೇ ಸಲಕ್ಕೆ ಹತ್ತಿತು. ಅದಕ್ಕೇ ಹೇಳುತ್ತೇನೆ, ತಾಯಿಯವರ ಬೆರಳು ಹತ್ತದಿದ್ದರೆ ವಾಪಸ್ ಬರಬೇಡಿ. ಕಣ್ಣಿನ ಮೇಲೆ ತೆಗೆಯಿರಿ ಎಂದು ನೀವೇ ಕೇಳಿ. ಬೆಳಿಗ್ಗೆ ಬೇಗ ಹೋಗಿ ಟೋಕನ್ ತೆಗೆದುಕೊಳ್ಳಿ, ಕುಡಿಯಲು ನೀರು ಇಟ್ಟುಕೊಳ್ಳಿ.

ಎರಡು, ಹೆಸರು. ಗಡಿ ಭಾಗದ ನಮ್ಮಂಥವರಿಗೆ ಇದು ದೊಡ್ಡ ತೊಡಕು. ಊರಲ್ಲಿ ಎಲ್ಲರಿಗೂ ಅವಳು ಗಂಗವ್ವ. ಅಲ್ಲಿಯ ರೇಷನ್ ಕಾರ್ಡಿನಲ್ಲಿ ಮರಾಠಿ ಪದ್ಧತಿಯಂತೆ ಗಂಗೂಬಾಯಿ, ನಡುವೆ ಗಂಡನ ಹೆಸರು, ಕೊನೆಗೆ ಮನೆತನದ ಹೆಸರು. ಆಧಾರ್‌ನಲ್ಲಿ ಗಂಗಾಬಾಯಿ. ನಾನು ಓದಿದ ಶಾಲೆಯ ದಾಖಲೆಯಲ್ಲಿ ತಾಯಿಯ ಹೆಸರು ಗಂಗವ್ವ. ಒಬ್ಬ ಹೆಣ್ಣುಮಗಳು, ಮೂರು ಕಾಗದ, ಮೂರು ಹೆಸರು. ಗಾಬರಿಯಾಗಿ ಆಧಾರ್ ಹೆಸರನ್ನೇ ಬದಲಿಸಲು ಹೊರಟಿದ್ದೆ. ದಯವಿಟ್ಟು ನೀವು ಹಾಗೆ ಮಾಡಬೇಡಿ. ಆಧಾರ್‌ನಲ್ಲಿ ಹೆಸರು ಬದಲಿಸಲು ಜೀವಮಾನದಲ್ಲಿ ಎರಡೇ ಸಲ ಅವಕಾಶ, ಬ್ಯಾಂಕಿನ ಖಾತೆಯೂ ಅದೇ ಹೆಸರಿನ ಜೊತೆ ಕೂಡಿಕೊಂಡಿರುತ್ತದೆ. ಸಂಬಂಧ ತೋರಿಸುವ ಕಾಗದ ಇಲ್ಲದಿದ್ದರೆ ಮುಖ್ಯಸ್ಥರೇ ಸ್ವಯಂ ಘೋಷಣೆ ಕೊಡಬಹುದು, ಅದಕ್ಕೆ ಪ್ರಾಧಿಕಾರದ್ದೇ ಒಂದು ನಮೂನೆ ಇದೆ. ನಾನು ಅದನ್ನೇ ತುಂಬಿ ಸಹಿ ಮಾಡಿ ಏರಿಸಿದೆ. ಅವಳ ಹೆಸರನ್ನು ಆಧಾರ್‌ನಲ್ಲಿ ಇದ್ದ ಹಾಗೇ, ಒಂದು ಅಕ್ಷರವೂ ಆಚೀಚೆ ಆಗದಂತೆ ಬರೆದೆ. ನಾನು ಒಪ್ಪಿಗೆ ಕೊಟ್ಟ ಹನ್ನೊಂದನೇ ದಿನ ವಿಳಾಸ ಬದಲಾಯಿತು. ಸಂಖ್ಯೆ ಹಳೆಯದೇ ಇರುತ್ತದೆ.

ಇದು ಯಾವುದೂ ಆಗದಿದ್ದರೆ ಇನ್ನೊಂದು ದಾರಿ ಇದೆ. ಆಧಾರ್ ಪ್ರಾಧಿಕಾರದ ಪ್ರಮಾಣಪತ್ರದ ನಮೂನೆಗೆ ತಾಯಿಯವರ ಫೋಟೋ ಅಂಟಿಸಿ ಗೆಜೆಟೆಡ್ ಅಧಿಕಾರಿಯಿಂದಲೋ ಶಾಸಕರಿಂದಲೋ ನಿಮ್ಮ ವಾರ್ಡಿನ ಪಾಲಿಕೆ ಸದಸ್ಯರಿಂದಲೋ ಸಹಿ, ಸಿಕ್ಕಾ ಹಾಕಿಸಬೇಕು. ಸಹಿ ಆದ ದಿನದಿಂದ ಮೂರು ತಿಂಗಳು ಮಾತ್ರ ಅದು ನಡೆಯುತ್ತದೆ. ಸಂಶಯ ಬಂದರೆ 1947ಕ್ಕೆ ಫೋನ್ ಮಾಡಿ, ಅದು ಆಧಾರ್‌ನ ಸಹಾಯವಾಣಿ.

ಆದರೆ ವಿಳಾಸ ಬದಲಿಸುವ ಮೊದಲು ತಾಯಿಯವರ ಹತ್ತಿರ ಕುಳಿತು ಒಂದು ಪ್ರಶ್ನೆ ಕೇಳಿ: ಅವರಿಗೆ ಮಹಾರಾಷ್ಟ್ರದಲ್ಲಿ ಏನಾದರೂ ಪಗಾರ ಬರುತ್ತದೆಯೇ? ಸಂಜಯ ಗಾಂಧಿ ನಿರಾಧಾರ ಯೋಜನೆಯಂಥ ಹಣ ಆ ರಾಜ್ಯದ ನಿವಾಸಿಗಳಿಗೆ ಕೊಡುವುದು. ಇಲ್ಲಿಯ ನಿವಾಸಿ ಎಂದು ಬರೆಸಿಕೊಂಡು ಅಲ್ಲಿಯದನ್ನೂ ತೆಗೆದುಕೊಳ್ಳುವುದು ಸರಿಯಲ್ಲ, ಸಿಕ್ಕಿಬಿದ್ದರೆ ವಸೂಲಿಯೂ ಆಗುತ್ತದೆ. ಬಸ್ಸಿನ ಟಿಕೆಟ್‌ಗಾಗಿ ತಿಂಗಳ ಪಗಾರ ಕಳೆದುಕೊಳ್ಳುವ ಹಾಗೆ ಆಗಬಾರದು. ಇಲ್ಲಿ 65 ದಾಟಿದವರಿಗೆ ಸಂಧ್ಯಾ ಸುರಕ್ಷಾ ಇದೆ, ಆದರೆ ಅದಕ್ಕೆ ಆದಾಯದ ಮಿತಿ ಉಂಟು, ಅರ್ಜಿ ಹಾಕಿ ಮಂಜೂರಾಗುವವರೆಗೆ ಕಾಯಬೇಕು. ಎರಡನ್ನೂ ತೂಗಿ ನೋಡಿ, ನಿರ್ಧಾರ ತಾಯಿಯವರಿಗೇ ಬಿಡಿ, ಅದು ಅವರ ರೊಕ್ಕ.

ನಮ್ಮವ್ವನಿಗೆ ಪಗಾರದ ಚಿಂತೆ ಇರಲಿಲ್ಲ. ಅವಳ ಚಿಂತೆ ಹೊಲದ್ದು. ಒಪ್ಪಿಗೆ ಕೊಡುವ ರಾತ್ರಿ ನನ್ನ ಮೊಬೈಲ್ ಮೇಲೆ ಕೈ ಇಟ್ಟು ಕೇಳಿದಳು: “ಇದನ್ನ ಒತ್ತಿದ್ರ ಊರಾಗಿಂದ ನನ್ನ ಹೆಸರು ಅಳಿಸಿ ಹೋಗತದೇನವಾ? ನಿಮ್ಮಪ್ಪನ ಹೊಲ?” ನಾನು ಟ್ರಂಕಿನಿಂದ ಸಾತ್‌ಬಾರಾ ಉತಾರ, ಅಂದರೆ ಅಲ್ಲಿಯ ಹೊಲದ ಪಹಣಿ, ತೆಗೆದು ತೋರಿಸಿದೆ. ಹೊಲದ ಹಕ್ಕು ಅಲ್ಲಿಯ ಕಂದಾಯ ದಾಖಲೆಯಲ್ಲಿ ಇರುತ್ತದೆ, ಆಧಾರ್ ವಿಳಾಸ ಯಾವ ಊರಿನದಾದರೂ ಅದು ಅಳಿಯುವುದಿಲ್ಲ ಎಂದು ನಿಧಾನವಾಗಿ ಹೇಳಿದೆ. ಉತಾರವನ್ನು ಮಡಚಿ ಮತ್ತೆ ಟ್ರಂಕಿಗೆ ತಾನೇ ಇಟ್ಟು ಬಂದ ಮೇಲೆ “ಒತ್ತು” ಅಂದಳು. ನಿಮ್ಮ ತಾಯಿಯವರ ಮನಸ್ಸಿನಲ್ಲೂ ಇಂಥದ್ದು ಇದ್ದೀತು, ಕೇಳದೆ ಮುಂದೆ ಹೋಗಬೇಡಿ.

ಆಧಾರ್ ಆದ ಮೇಲೆ ಉಳಿದದ್ದು ಸಲೀಸು. ಮತದಾರರ ಚೀಟಿಗೆ ನಮೂನೆ 8 ತುಂಬಬೇಕು, ಒಂದು ಕ್ಷೇತ್ರದಿಂದ ಇನ್ನೊಂದಕ್ಕೆ ಸ್ಥಳಾಂತರ ಆದವರಿಗೆ ಇರುವುದು ಅದು. ಅಲ್ಲಿ ಹೆಸರು ಇದ್ದೂ ಇಲ್ಲಿ ಹೊಸ ಮತದಾರರೆಂದು ನಮೂನೆ 6 ಹಾಕಬೇಡಿ, ಎರಡು ಕಡೆ ಹೆಸರು ಇರುವುದು ಕಾನೂನಿಗೆ ವಿರುದ್ಧ. ಹುಬ್ಬಳ್ಳಿ-ಧಾರವಾಡದಲ್ಲಿ ಪೂರ್ವ, ಸೆಂಟ್ರಲ್, ಪಶ್ಚಿಮ ಎಂದು ಮೂರು ಕ್ಷೇತ್ರ ಇವೆ, ನಿಮ್ಮ ಮನೆ ಯಾವುದರಲ್ಲಿ ಎಂದು ನಿಮ್ಮದೇ ಚೀಟಿಯಲ್ಲಿ ನೋಡಿಕೊಳ್ಳಿ. 60 ದಾಟಿದವರಿಗೆ ರಾಜ್ಯ ಸರ್ಕಾರ ಕೊಡುವ ಹಿರಿಯ ನಾಗರಿಕರ ಗುರುತಿನ ಚೀಟಿಗೆ ಸೇವಾಸಿಂಧು ಪೋರ್ಟಲ್‌ನಲ್ಲಿ ಅರ್ಜಿ, ಕರ್ನಾಟಕ ಒನ್ ಕೇಂದ್ರದಲ್ಲೂ ಹಾಕಿಕೊಡುತ್ತಾರೆ. ವಿಳಾಸ, ವಯಸ್ಸಿನ ದಾಖಲೆ, ಫೋಟೋ ಜೊತೆಗೆ ರಕ್ತದ ಗುಂಪಿನ ವರದಿ ಕೇಳುತ್ತಾರೆ, ಮೊದಲೇ ತೆಗೆಸಿಟ್ಟುಕೊಳ್ಳಿ. ರೇಷನ್ ಕಾರ್ಡಿಗೆ ಅವಸರ ಬೇಡ. ಅಲ್ಲಿಯ ಕಾರ್ಡಿನಿಂದ ಹೆಸರು ಕಡಿಮೆ ಮಾಡಿಸದೆ ಇಲ್ಲಿ ಸೇರಿಸುವುದಿಲ್ಲ, ಅಲ್ಲಿಯವರೆಗೆ ಒಂದು ದೇಶ ಒಂದು ಪಡಿತರ ಚೀಟಿ ವ್ಯವಸ್ಥೆಯಲ್ಲಿ ಅಲ್ಲಿಯ ಕಾರ್ಡಿನ ಮೇಲೇ ಇಲ್ಲಿಯ ನ್ಯಾಯಬೆಲೆ ಅಂಗಡಿಯಲ್ಲಿ ಕೇಂದ್ರದ ಪಾಲಿನ ಧಾನ್ಯ ತೆಗೆದುಕೊಳ್ಳಬಹುದು. ನಾಡಕಚೇರಿಯ ರಹವಾಸಿ ಪ್ರಮಾಣಪತ್ರ ಮಾಡಿಸಲೇ ಎಂದು ಕೇಳಿದ್ದೀರಿ. ಅದು ಹೆಚ್ಚಾಗಿ ಓದು, ನೌಕರಿಯ ಕೆಲಸಕ್ಕೆ ಬರುವ ಕಾಗದ, ಬಸ್ಸಿಗೆಂದು ಅದರ ಹಿಂದೆ ಬೀಳಬೇಡಿ. ರಾಜ್ಯ ಸರ್ಕಾರದ ಸೇವೆಗೆ ಅರ್ಜಿ ಕೊಟ್ಟಾಗ ಸಕಾಲ, ಅಂದರೆ ಗೊತ್ತುಮಾಡಿದ ದಿನದೊಳಗೆ ಕೆಲಸ ಮಾಡಿಕೊಡಬೇಕೆಂಬ ವ್ಯವಸ್ಥೆಯ, ಸ್ವೀಕೃತಿ ಸಂಖ್ಯೆ ಕೇಳಿ ತೆಗೆದುಕೊಳ್ಳಿ. 2012ರಲ್ಲಿ ಸಕಾಲ ಪ್ರಯೋಗಕ್ಕೆ ಬಂದ ಮೊದಲ ನಾಲ್ಕು ತಾಲೂಕುಗಳಲ್ಲಿ ನಮ್ಮ ಧಾರವಾಡವೂ ಒಂದು. ಆ ಸಂಖ್ಯೆ ಕೈಯಲ್ಲಿದ್ದರೆ ನಾಳೆ ಬಾ ಎನ್ನುವವರೂ ದಿನಾಂಕ ಹೇಳುತ್ತಾರೆ.

ಬಸ್ಸಿನಲ್ಲಿ ಝೆರಾಕ್ಸ್ ಬೇಡ, ಅಸಲು ಚೀಟಿಯನ್ನೇ ಇಟ್ಟುಕೊಳ್ಳಿ. ಎಸಿ ಬಸ್ಸಿಗೂ ಅಂತರರಾಜ್ಯ ಬಸ್ಸಿಗೂ ಶಕ್ತಿ ಇಲ್ಲ, ಜತ್ತಕ್ಕೆ ಹೋಗಿ ಬರುವಾಗ ಅದು ನೆನಪಿರಲಿ. ಅಣ್ಣಿಗೇರಿ ಮೇಲೆ ಗದಗಕ್ಕೆ ಹೋಗುವ ಸಾಮಾನ್ಯ ಬಸ್ಸಿಗೆ ಏನೂ ತೊಂದರೆ ಇಲ್ಲ.

ಈಗ ನೀವು ಎರಡು ಕೆಲಸ ಮಾಡಿ. ನಿಮ್ಮ ಆಧಾರ್‌ನ ವಿಳಾಸ ನೋಡಿ, ತಾಯಿಯವರ ಆಧಾರ್‌ಗೆ ಯಾರ ಮೊಬೈಲ್ ಕೂಡಿಸಿದೆ ಎಂದು ನೋಡಿ. ಎಲ್ಲಿ ತೊಡಕಾಯಿತು ಎಂದು ನನಗೆ ತಿಳಿಸಿದರೆ ಗೊತ್ತಿದ್ದಷ್ಟು ಹೇಳುತ್ತೇನೆ. ಆಧಾರ್ ಸಂಖ್ಯೆಯನ್ನಾಗಲಿ ಓಟಿಪಿಯನ್ನಾಗಲಿ ಮಾತ್ರ ಬರೆಯಬೇಡಿ, ನನಗೂ ಬೇಡ, ಯಾರಿಗೂ ಬೇಡ.