‘ಓಡಿಹೋಗಬಹುದಿತ್ತಲ್ಲ’ ಎನ್ನುವವರಿಗೆ

ಪ್ರಶ್ನೆ: ಅಪಹರಣವಾದ ಮಕ್ಕಳು ವರ್ಷಗಟ್ಟಲೆ ಜೊತೆಗಿದ್ದು, ಹೊರಗೆ ಓಡಾಡಿಯೂ ತಪ್ಪಿಸಿಕೊಳ್ಳುವುದಿಲ್ಲವೇಕೆ? ಅಪಹರಣಕಾರನ ಮೇಲೆ ಒಲವು ಬೆಳೆದಿರುತ್ತದೆಯೇ?

ಇಂಥ ಪ್ರಕರಣ ಸುದ್ದಿಯಾದಾಗಲೆಲ್ಲ ಈ ಪ್ರಶ್ನೆ ಬರುತ್ತದೆ. ಕೇಳುವವರಿಗೆ ಇದು ಕುತೂಹಲ, ಬದುಕಿ ಬಂದವರ ಕಿವಿಗೆ ಆರೋಪ.

ನತಾಶಾ ಕಾಂಪುಷ್ 1998ರ ಮಾರ್ಚ್ 2ರಂದು ವಿಯೆನ್ನಾದಲ್ಲಿ ಶಾಲೆಗೆ ಹೊರಟಿದ್ದಾಗ ಅಪಹರಣಕ್ಕೊಳಗಾದಳು. ಆಗ ಅವಳಿಗೆ 10 ವರ್ಷ. ಗ್ಯಾರೇಜಿನಡಿಯ ಕಿಟಕಿಯಿಲ್ಲದ ನೆಲಮಾಳಿಗೆಯಲ್ಲಿ ಅವಳನ್ನು ಕೂಡಿಹಾಕಿದವನು, ಮನೆಯ ಬಾಗಿಲು ಕಿಟಕಿಗಳಿಗೆ ಸ್ಫೋಟಕ ಇಟ್ಟಿದ್ದೇನೆಂದು ನಂಬಿಸಿದ್ದ. ಯಾರ ಬಳಿಯಾದರೂ ಬಾಯಿಬಿಟ್ಟರೆ ಅವರನ್ನೂ ಕೊಲ್ಲುವೆನೆಂದು ಹೆದರಿಸಿದ್ದ. ಊಟ, ಬೆಳಕು, ಮಾತು ಎಲ್ಲವೂ ಒಬ್ಬನ ಕೈಯಲ್ಲಿದ್ದಾಗ ಮಗು ಅವನ ಮುಖ ಓದಲು ಕಲಿಯುತ್ತದೆ, ಅವನನ್ನು ಸಮಾಧಾನದಲ್ಲಿಡಲು ಕಲಿಯುತ್ತದೆ. ಇದನ್ನು ಒಲವು ಎನ್ನಬೇಡಿ. ಉಸಿರು ಉಳಿಸಿಕೊಳ್ಳುವ ಲೆಕ್ಕಾಚಾರ ಇದು. ವಿಫಲವಾದ ಒಂದು ಪ್ರಯತ್ನಕ್ಕೆ ತೆರಬೇಕಾದ ಬೆಲೆ ಆ ಮಗುವಿಗೆ ಗೊತ್ತು, ನಮಗಲ್ಲ.

2006ರ ಆಗಸ್ಟ್ 23ರಂದು ಅವಳು ಕಾರನ್ನು ವ್ಯಾಕ್ಯೂಮ್ ಕ್ಲೀನರಿನಿಂದ ಸ್ವಚ್ಛಗೊಳಿಸುತ್ತಿದ್ದಾಗ ಅವನಿಗೆ ಫೋನ್ ಬಂತು. ಗದ್ದಲ ತಾಳದೆ ಅವನು ದೂರ ಸರಿದ, ಅವಳು ಓಡಿದಳು. ದಾರಿಯಲ್ಲಿ ಮೊದಲು ಕಂಡವರನ್ನು ಪೊಲೀಸರಿಗೆ ತಿಳಿಸಿ ಎಂದು ಬೇಡಿಕೊಂಡರೂ ಅವರು ಕಿವಿಗೊಡಲಿಲ್ಲ. ಕೊನೆಗೆ ಫೋನ್ ಮಾಡಿದ್ದು ನೆರೆಯ ವೃದ್ಧೆ. ಎಂಟು ವರ್ಷ ತಡೆದ ಮಗುವನ್ನು ಪ್ರಶ್ನಿಸುವವರು ಆ ದಾರಿಹೋಕರನ್ನೇಕೆ ಪ್ರಶ್ನಿಸುವುದಿಲ್ಲ?

ಕ್ಯಾಲಿಫೋರ್ನಿಯಾದ ಜೇಸಿ ಡುಗಾರ್ಡ್ 1991ರಲ್ಲಿ, 11ನೆಯ ವಯಸ್ಸಿನಲ್ಲಿ ಅಪಹರಣವಾಗಿ 2009ರಲ್ಲಿ ಸಿಕ್ಕಳು. ಅಧಿಕಾರಿಗಳು ವಿಚಾರಿಸಿದಾಗ ಮೊದಲು ಹೇಳಿದ್ದು ಸುಳ್ಳು ಹೆಸರು. ಹದಿನೆಂಟು ವರ್ಷದ ಭಯ ಸಮವಸ್ತ್ರ ಕಂಡೊಡನೆ ಇಳಿಯುವುದಿಲ್ಲ. ಅಪಹರಣಕಾರ ಪೆರೋಲ್ ಮೇಲೆ, ಅಂದರೆ ನಿಗಾದಡಿಯ ಬಿಡುಗಡೆಯಲ್ಲಿದ್ದವನು. ನಿಗಾ ಅಧಿಕಾರಿಗಳು ಅವನ ಮನೆಗೆ ಮತ್ತೆ ಮತ್ತೆ ಬಂದು ಹೋಗಿದ್ದರೂ ಅವಳನ್ನಿಟ್ಟಿದ್ದ ಹಿತ್ತಲಿನ ಗುಡಾರಗಳನ್ನು ಕಾಣಲಿಲ್ಲ. ರಾಜ್ಯ ಸರ್ಕಾರ ಅವಳಿಗೆ 2 ಕೋಟಿ ಡಾಲರ್ ಪರಿಹಾರ ಕೊಡಬೇಕಾಯಿತು.

ಪ್ರಶ್ನೆ: ಸೆರೆಯಾಳಿಗೆ ಸೆರೆಹಿಡಿದವನ ಮೇಲೇ ಒಲವು ಬೆಳೆಯುತ್ತದೆ ಎನ್ನುವ ಸ್ಟಾಕ್‌ಹೋಮ್ ಸಿಂಡ್ರೋಮ್ ಇದೇ ಅಲ್ಲವೇ?

1973ರಲ್ಲಿ ಸ್ವೀಡನ್ನಿನ ಸ್ಟಾಕ್‌ಹೋಮ್ ನಗರದ ಬ್ಯಾಂಕೊಂದರಲ್ಲಿ ಆರು ದಿನ ಒತ್ತೆಯಾಳಾಗಿದ್ದ ವಯಸ್ಕರನ್ನು ಕಂಡು ಹುಟ್ಟಿದ ಹಣೆಪಟ್ಟಿ ಅದು. ಅಮೆರಿಕದ ಮನೋವೈದ್ಯರ ರೋಗಪಟ್ಟಿಯಲ್ಲಿ ಅದಿಲ್ಲ. ಕಾಂಪುಷ್ ಅದನ್ನು ತಾನೇ ತಳ್ಳಿಹಾಕಿದ್ದಾಳೆ.

ಪ್ರಶ್ನೆ: ಸಂಮೋಹನದಿಂದ ನೆನಪು ಅಳಿಸಬಹುದೇ?

ಇಲ್ಲ. ಹಾಗೆಂದು ಹಣ ಕೀಳುವವರನ್ನು ಹೊಸಿಲಿನಿಂದಲೇ ಹಿಂದಕ್ಕೆ ಕಳುಹಿಸಿ.

ಪ್ರಶ್ನೆ: ನಡೆದದ್ದೆಲ್ಲವನ್ನೂ ಹೇಳಿಸಿದರೆ ಮನಸ್ಸು ಹಗುರವಾಗುತ್ತದಲ್ಲವೇ?

ಒತ್ತಾಯಿಸಿದರೆ ಗಾಯ ಕೆದಕಿದಂತೆ. ತನಿಖೆಗೆ ಬೇಕಾದ ಹೇಳಿಕೆಯನ್ನು ತರಬೇತಿ ಪಡೆದವರು ಪಡೆಯಲಿ. ಉಳಿದದ್ದನ್ನು ಯಾರಿಗೆ, ಯಾವಾಗ ಹೇಳಬೇಕೆಂಬುದು ಬದುಕಿ ಬಂದವರಿಗೇ ಬಿಟ್ಟದ್ದು. ಮನೆಯವರು ಬಾಗಿಲು ತಟ್ಟಿಯೇ ಒಳಗೆ ಹೋಗಲಿ. ದೀಪ ಆರಿಸುವುದು, ಊಟದ ಹೊತ್ತು, ಅಪ್ಪಿಕೊಳ್ಳಬಹುದೇ ಎಂಬುದನ್ನೂ ಬದುಕಿ ಬಂದವರೇ ನಿರ್ಧರಿಸಲಿ. ಕ್ಯಾಮೆರಾ ಹಿಡಿದು ಬಂದವರು ಗೇಟಿನ ಹೊರಗೇ ಇರಲಿ.